ಟ್ರೊಸಿಂಗೆನ್ ಲೈರ್: 14 ನಿಮಿಷದ ಚಿತ್ರಕ್ಕಾಗಿ ಒಂದು ವಾದ್ಯ ಕಟ್ಟಿದ ದಿನಚರಿ

ದಿನಾ ಬೆಳಗ್ಗೆ ಸ್ಟುಟ್‌ಗಾರ್ಟ್‌ನಿಂದ ಆಫೀಸಿಗೆ ಹೋಗುವಾಗ ರೈಲಿನಲ್ಲಿ ಸ್ಟೇಷನ್ ಹೆಸರುಗಳು ಕೇಳಿಸುತ್ತವೆ. ವೈಹಿಂಗೆನ್, ಬ್ಯೋಬ್ಲಿಂಗೆನ್. ಒಂದು ಪಕ್ಕಕ್ಕೆ ಸಿಂಡೆಲ್‌ಫಿಂಗೆನ್, ಇನ್ನೊಂದು ಪಕ್ಕಕ್ಕೆ ಎಸ್ಲಿಂಗೆನ್, ದಕ್ಷಿಣಕ್ಕೆ ಟ್ಯೂಬಿಂಗೆನ್. ಎಷ್ಟೋ ವರ್ಷ ಸುಮ್ನೆ ಕೇಳಿಸಿಕೊಂಡು ಬಿಟ್ಟಿದ್ದೆ. ಆಮೇಲೆ ಗೊತ್ತಾಯಿತು, ಈ ‘ಇಂಗೆನ್’ ಅಂದರೆ ‘ಇಂಥವನ ಕಡೆಯವರು’ ಅಂತ. ಅಲಮಾನಿ ಅನ್ನುವ ಪುರಾತನ ಜರ್ಮನಿಕ್ ಜನ ನೆಲೆನಿಂತ ಸೀಮೆಯಲ್ಲಿ ಈ ಥರದ ಊರಿನ ಹೆಸರು ಹೆಜ್ಜೆಗೊಂದು ಸಿಗುತ್ತವೆ. ಫ್ರೆಂಚರು ಇವತ್ತಿಗೂ ಇಡೀ ಜರ್ಮನಿಯನ್ನು ‘ಅಲ್‌ಮಾಞ್’ ಅಂತ ಕರೆಯುವುದು ಇವರ ಹೆಸರಿನಿಂದಲೇ.

ಈ ಜನರ ಬಗ್ಗೆ ಕನ್ನಡದಲ್ಲಿ ಒಂದು ಚಿಕ್ಕ ಸಾಕ್ಷ್ಯಚಿತ್ರ ಮಾಡಬೇಕು ಅಂತ ಹೊರಟೆ. ಅದಕ್ಕೆ ಒಂದು ಮರದ ವಾದ್ಯವನ್ನೂ ಮಾಡಬೇಕಾಯಿತು. ಸೆಪ್ಟೆಂಬರ್‌ನಿಂದ ಮೇ ತನಕ ಏನೇನು ಮಾಡಿದೆ, ಎಲ್ಲಿ ಕೆಟ್ಟಿತು, ಹೇಗೆ ಸರಿಮಾಡಿದೆ ಅನ್ನುವುದನ್ನು ಇಲ್ಲಿ ಬರೆದಿಡುತ್ತಿದ್ದೇನೆ.

ಸೆಪ್ಟೆಂಬರ್

ಮೊದಲ ತೊಂದರೆ ಅಂದರೆ, ಅಲಮಾನಿಗಳ ಕಥೆಯನ್ನು ಬರೆದವರೆಲ್ಲ ಹೊರಗಿನವರು. 357ರಲ್ಲಿ ಸ್ಟ್ರಾಸ್‌ಬುರ್ಗ್ ಹತ್ತಿರ ಇವರು ರೋಮನ್ ಸೇನಾನಿ ಜೂಲಿಯನ್‌ನ ಸೈನ್ಯಕ್ಕೆ ಸೋತರು. ಅದರ ವರದಿ ಕೊಟ್ಟ ಅಮ್ಮಿಯಾನಸ್ ರೋಮನ್ ಸೈನ್ಯದಲ್ಲಿದ್ದವನು. ರೋಮನ್ನರು 13,000, ಎದುರಾಳಿಗಳು 35,000 ಅಂತ ಬರೆದ. ಗೆದ್ದವರ ಲೆಕ್ಕ ಅದು. ಕ್ರಿ.ಶ. 500ರ ಹೊತ್ತಿಗೆ ಫ್ರಾಂಕರ ರಾಜ ಕ್ಲೋವಿಸ್ ಇವರನ್ನು ಸೋಲಿಸಿದ. ಆ ಕಥೆಯನ್ನು ಬರೆದಿಟ್ಟವನು ಟೂರ್ಸ್‌ನ ಬಿಷಪ್ ಗ್ರೆಗರಿ, ಅದೂ ಮುಕ್ಕಾಲು ಶತಮಾನ ಕಳೆದ ಮೇಲೆ. ಇವರು ಮರ, ಹೊಳೆ, ಬೆಟ್ಟಗಳನ್ನು ಪೂಜಿಸುತ್ತಾರೆ, ಕುದುರೆ ಬಲಿ ಕೊಡುತ್ತಾರೆ ಅಂತ ಬರೆದವನು ಅಗಾಥಿಯಾಸ್, ಪೂರ್ವ ರೋಮನ್ ಸಾಮ್ರಾಜ್ಯದವನು. ಅವರದೇ ಬಾಯಿಂದ ಬಂದ ಇತಿಹಾಸ ಅನ್ನುವಂಥದ್ದು ನಮ್ಮ ಕೈಗೆ ಬಂದಿಲ್ಲ.

ಹಾಗಾದರೆ ಕ್ಯಾಮೆರಾ ಯಾವುದರ ಮುಂದೆ ಇಡುವುದು? ಅವರು ಬಿಟ್ಟುಹೋದ ವಸ್ತುಗಳ ಮುಂದೆ.

ಅದಕ್ಕೇ ಟ್ರೊಸಿಂಗೆನ್. ಸ್ಟುಟ್‌ಗಾರ್ಟ್‌ನ ದಕ್ಷಿಣಕ್ಕಿರುವ ಚಿಕ್ಕ ಊರು. ಹೊನರ್ ಮೌತ್ ಆರ್ಗನ್ ಹುಟ್ಟಿದ ಊರು ಅಂದರೆ ನಮ್ಮವರಿಗೂ ಗುರುತು ಸಿಗಬಹುದು. 1857ರಿಂದ ಅಲ್ಲಿ ಅದರ ತಯಾರಿ. ಅದೇ ಊರಿನಲ್ಲಿ 2001-02ರ ಚಳಿಗಾಲದಲ್ಲಿ ಅಗೆದಾಗ 58ನೇ ನಂಬರಿನ ಸಮಾಧಿ ಸಿಕ್ಕಿತು. ಒಳಗೆ ಒಬ್ಬ ಯೋಧ. ಕಡೆದ ಕಾಲಿನ ಮಂಚ, ಕುರ್ಚಿ, ಮೇಜು, ದೀಪದ ಕಂಬ, ಎಲ್ಲ ಮರದ್ದು. ಆ ನೆಲದ ಜೇಡಿಮಣ್ಣು ಯಾವಾಗಲೂ ಒದ್ದೆ. ಗಾಳಿಯಾಡದ ಕಾರಣ ಮರ ಕೊಳೆಯಲಿಲ್ಲ. ಮರದ ಉಂಗುರಗಳನ್ನು ಎಣಿಸಿ ನೋಡಿದರೆ ಕ್ರಿ.ಶ. 580. ಸುಮಾರು ಆ ಕಾಲ ಅಂತಲ್ಲ, ಅದೇ ವರ್ಷ. ಇಷ್ಟು ಖಚಿತವಾದ ತಾರೀಕು ಸಿಗುವುದು ಬಹಳ ಅಪರೂಪ.

ಆ ಯೋಧನ ಜೊತೆ ಒಂದು ಲೈರ್, ಅಂದರೆ ಮೀಟಿ ನುಡಿಸುವ ತಂತಿವಾದ್ಯ, ಇತ್ತು. 80 ಸೆಂಟಿಮೀಟರ್ ಉದ್ದ, 20 ಸೆಂಟಿಮೀಟರ್‌ಗೆ ಸ್ವಲ್ಪ ಕಡಿಮೆ ಅಗಲ. ಮೇಪಲ್ ಮರ. ಆರು ತಂತಿ. ಆರು ಬಿರಡೆಗಳಲ್ಲಿ ನಾಲ್ಕು ಆಶ್ ಮರದ್ದು, ಎರಡು ಹೇಝಲ್ ಮರದ್ದು. ತಂತಿಗಳನ್ನು ಎತ್ತಿ ಹಿಡಿಯುವ ಕುದುರೆ ವಿಲ್ಲೋ ಮರದ್ದು. ಮುಂಭಾಗದಲ್ಲಿ ಎರಡು ಗುಂಪು ಯೋಧರ ಚಿತ್ರ ಕೊರೆದಿದ್ದಾರೆ. ಒಂದೊಂದು ಗುಂಪಿನಲ್ಲಿ ಆರು ಜನ, ಎದುರುಬದುರು ನಿಂತಿದ್ದಾರೆ, ನಡುವೆ ನೆಟ್ಟಗೆ ನಿಂತ ಒಂದು ಈಟಿ. ಮುಂದಾಳುಗಳಿಬ್ಬರೂ ಆ ಈಟಿಯನ್ನು ಹಿಡಿದಿದ್ದಾರೆ. ಹಿಂಭಾಗದ ತುಂಬ ಒಂದಕ್ಕೊಂದು ಹೆಣೆದುಕೊಂಡ ಪ್ರಾಣಿಗಳ ಬಳ್ಳಿ.

ಬಳಸಿ ಬಳಸಿ ಸವೆದ ಗುರುತೂ ಅದರ ಮೇಲಿದೆ. ಅಂದರೆ ಸಮಾಧಿಗೆ ಇಡಲೆಂದೇ ಮಾಡಿದ ಅಲಂಕಾರದ ಸಾಮಾನಲ್ಲ, ಯಾರೋ ನುಡಿಸುತ್ತಿದ್ದ ವಾದ್ಯ. ಇದನ್ನು ಓದಿದ ದಿನವೇ ಚಿತ್ರ ಇದರ ಮೇಲೇ ಅಂತ ನಿರ್ಧಾರವಾಯಿತು. ಗಾಜಿನ ಹಿಂದೆ ಮಲಗಿರುವ ವಸ್ತುವಿಗೆ ಸದ್ದಿಲ್ಲ. ಸದ್ದಿಲ್ಲದ ವಾದ್ಯದ ಮೇಲೆ 14 ನಿಮಿಷ ಮಾತಾಡುವುದು ನನಗೆ ಸರಿ ಕಾಣಲಿಲ್ಲ. ನಕಲು ಮಾಡಿ ಮಾರುವವರು ಯುರೋಪಿನಲ್ಲಿ ಇದ್ದಾರೆ, ಕೊಂಡುಕೊಳ್ಳಬಹುದಿತ್ತು. ಆದರೆ ಮಾಡುವ ಕೈ ಚಿತ್ರದಲ್ಲಿ ಕಾಣಬೇಕಿತ್ತು.

ಕೆಲಸ ಶುರುಮಾಡುವ ಮುಂಚೆ ಒಂದು ನಿಯಮ ಹಾಕಿಕೊಂಡೆ. ಪ್ರತಿ ಶಾಟ್‌ಗೂ ಕೆಳಗಿನ ಮೂಲೆಯಲ್ಲಿ ಮೂರರಲ್ಲಿ ಒಂದು ಪದ ಇರಬೇಕು: ‘ಸಿಕ್ಕಿದ್ದು’, ‘ಬರೆದದ್ದು’, ‘ಊಹೆ’. ನೆಲದಿಂದ ಬಂದದ್ದು ಸಿಕ್ಕಿದ್ದು. ಆ ಕಾಲದವರೋ ಆಮೇಲಿನವರೋ ದಾಖಲಿಸಿದ್ದು ಬರೆದದ್ದು, ಅದರ ಜೊತೆ ವರ್ಷವೂ ಇರಬೇಕು. ಉಳಿದದ್ದೆಲ್ಲ ಊಹೆ. ನೋಡುವವರಿಗೆ ಯಾವುದು ಯಾವುದು ಅಂತ ಗೊತ್ತಾಗಬೇಕು, ಇಲ್ಲದಿದ್ದರೆ ಈ ವಿಷಯದಲ್ಲಿ ಚಿತ್ರ ಮಾಡಲೇಬಾರದು ಅನ್ನಿಸಿತ್ತು. ಕಾರಣವೂ ಇದೆ. ಹಳೆಯ ಜರ್ಮನಿಕ್ ಜನರ ಇತಿಹಾಸವನ್ನು ನಾಜಿಗಳು ಎಷ್ಟು ತಿರುಚಿದರು ಅನ್ನುವುದು ಇಲ್ಲಿ ಮಕ್ಕಳಿಗೂ ಗೊತ್ತು. 1935ರಲ್ಲಿ ‘ಆನೆನ್‌ಎರ್ಬೆ’ ಅಂತ ಒಂದು ಸಂಸ್ಥೆಯನ್ನೇ ಕಟ್ಟಿ, ತಮಗೆ ಬೇಕಾದ ಪೂರ್ವಜರನ್ನು ನೆಲದಿಂದ ‘ಹುಡುಕಿಸಿದರು’. ಅವರಿಗೆ ಊಹೆಯೇ ಸತ್ಯವಾಗಿತ್ತು. ಹಾಗಾಗಿ ನನ್ನ ಚಿತ್ರದಲ್ಲಿ ಪಂಜು ಹಿಡಿದ ಮೆರವಣಿಗೆ ಇಲ್ಲ, ಗುಡುಗುವ ನಗಾರಿ ಇಲ್ಲ, ಕೊಂಬಿನ ಶಿರಸ್ತ್ರಾಣ ಅಂತೂ ಇಲ್ಲವೇ ಇಲ್ಲ.

ಅಕ್ಟೋಬರ್: ಮರ

ಮೊದಲ ಮೇಪಲ್ ಹಲಗೆ ಕೊಂಡದ್ದು ಒಂದು ಮರದ ಅಂಗಡಿಯಲ್ಲಿ. ಚೆನ್ನಾಗಿ ಒಣಗಿದ ಮಾಲು ಅಂತ ಹೇಳಿ ಕೊಟ್ಟರು. ಮನೆಗೆ ತಂದಾಗ ಪಕ್ಕದ ಮನೆಯ ಅಜ್ಜ ಬಂದರು. ಜೀವಮಾನವಿಡೀ ಬಡಗಿ ಕೆಲಸ ಮಾಡಿದವರು. ಹಲಗೆಯನ್ನು ಎತ್ತಿ ಕೆನ್ನೆಗೆ ಒತ್ತಿಕೊಂಡರು. ಆಮೇಲೆ ನನ್ನ ಕೆನ್ನೆಗೂ ಒತ್ತಿದರು. ತಣ್ಣಗಿತ್ತು. ಅವರ ಮನೆಯ ಹಳೆಯ ಕಪಾಟಿನ ಹಲಗೆ ತಂದು ಇನ್ನೊಂದು ಕೆನ್ನೆಗೆ ಒತ್ತಿದರು. ಅದು ಬೆಚ್ಚಗಿತ್ತು. “ಇದರೊಳಗೆ ಇನ್ನೂ ನೀರಿದೆ” ಅಂದರು. ತೇವ ಅಳೆಯುವ ಮೀಟರ್ ತರಿಸಿ ಚುಚ್ಚಿ ನೋಡಿದೆ: ಶೇಕಡ 17. ಬಿಸಿ ಮಾಡುವ ಮನೆಯೊಳಗೆ ಇರಬೇಕಾದ ವಾದ್ಯಕ್ಕೆ 8ರಿಂದ 10 ಇರಬೇಕು.

ಆ ಹಲಗೆಯನ್ನು ಎತ್ತಿಟ್ಟೆ. ಇನ್ನೊಂದನ್ನು ಟ್ಯೂಬಿಂಗೆನ್ ಕಡೆಯಿಂದ ತಂದೆ. ಆ ದಿನ ಊರೊಳಗೆ ಒಂದು ಸುತ್ತು ನಡೆದೂ ಬಂದೆ, ಯಾಕೆಂದರೆ ನಮ್ಮ ಕಿಟೆಲ್ ತಮ್ಮ ಕೊನೆಯ ದಿನಗಳನ್ನು ಕಳೆದದ್ದು ಅಲ್ಲೇ, 1903ರಲ್ಲಿ ತೀರಿಕೊಂಡದ್ದೂ ಅಲ್ಲೇ. ಕನ್ನಡದ ಪದಗಳನ್ನು ಅಷ್ಟು ಪ್ರೀತಿಯಿಂದ ಕೂಡಿಟ್ಟವರು ಓಡಾಡಿದ ಬೀದಿಯಲ್ಲಿ ಬಗಲಲ್ಲಿ ಮರದ ಹಲಗೆ ಇಟ್ಟುಕೊಂಡು ನಡೆಯುವುದು ಖುಷಿ ಕೊಟ್ಟಿತು.

ಎರಡನೇ ಹಲಗೆಯ ಅಳತೆ 84 ಸೆಂಟಿಮೀಟರ್ ಉದ್ದ, 21 ಅಗಲ, 2.2 ದಪ್ಪ. ತೇವ ಶೇಕಡ 10. ಮೇಲ್ಹಲಗೆಗೆ ಮೊದಲನೆಯದನ್ನೇ ತೆಳ್ಳಗೆ ಸೀಳಿಸಿದರೆ ಬೇಗ ಒಣಗುತ್ತದೆ ಅಂದುಕೊಂಡೆ. ಆ ತಪ್ಪಿನ ಲೆಕ್ಕ ಜನವರಿಯಲ್ಲಿ ಬರುತ್ತದೆ.

ಆಕಾರಕ್ಕೆ ಪ್ರಕಟವಾದ ಫೋಟೋಗಳನ್ನೇ ಆಧಾರ ಇಟ್ಟುಕೊಂಡು ನಿಜವಾದ ಅಳತೆಯಲ್ಲಿ ಕಾಗದದ ಮೇಲೆ ಬರೆದೆ. ಲೈರ್ ನೋಡದವರಿಗೆ ಹೇಳುವುದಾದರೆ: ಕೆಳಗೆ ಟೊಳ್ಳಾದ ಚಪ್ಪಟೆ ಒಡಲು, ಮೇಲೆ ಎರಡು ತೋಳು, ತೋಳುಗಳನ್ನು ಸೇರಿಸುವ ಒಂದು ಅಡ್ಡಪಟ್ಟಿ. ಅಡ್ಡಪಟ್ಟಿಯಲ್ಲಿ ಬಿರಡೆಗಳು. ತಂತಿಗಳು ಅಲ್ಲಿಂದ ಇಳಿದು ಕುದುರೆ ದಾಟಿ ಬುಡಕ್ಕೆ ಹೋಗುತ್ತವೆ. ವೀಣೆಗಿರುವ ಹಾಗೆ ಮೆಟ್ಟಿಲಿಲ್ಲ. ಎಡಗೈ ತೋಳುಗಳ ನಡುವಿನ ಸಂದಿಯಲ್ಲಿ ಹಿಂದಿನಿಂದ ಬಂದು ತಂತಿಯನ್ನು ಮುಟ್ಟುತ್ತದೆ, ಬಲಗೈ ಮುಂದಿನಿಂದ ಮೀಟುತ್ತದೆ.

ನವೆಂಬರ್, ಡಿಸೆಂಬರ್: ಟೊಳ್ಳು ಮಾಡುವುದು

ಒಡಲನ್ನು ಒಂದೇ ಹಲಗೆಯಲ್ಲಿ ಕೊರೆಯಬೇಕು. ಹಲಗೆಯನ್ನು ಕೀಸುಳಿ ಹಾಕಿ 17 ಮಿಲಿಮೀಟರ್‌ಗೆ ತಂದೆ. 12 ಆಳ ತೋಡಿದರೆ ಹಿಂಭಾಗ 5 ಉಳಿಯುತ್ತದೆ, ಮೇಲೆ 3ರ ಮೇಲ್ಹಲಗೆ. ಎಲ್ಲ ಸೇರಿ 20.

ತೋಡುವುದಕ್ಕೆ ಮೊದಲು ಕರೆಂಟಿನ ಡ್ರಿಲ್‌ನಿಂದ ಆಳದ ಗುರುತಿಟ್ಟು ತೂತು ಹಾಕಿದೆ. ಆಮೇಲೆ ಕೊಡತಿ, ಉಳಿ. ಡ್ರಿಲ್ ಬಳಸಿದ್ದನ್ನು ಚಿತ್ರದಲ್ಲಿ ತೋರಿಸಬೇಕಾ ಅಂತ ಎರಡು ದಿನ ಯೋಚಿಸಿದೆ. ಬಾಚಿ ಹಿಡಿದು ನಾಲ್ಕು ಏಟು ಹಾಕಿದ ಶಾಟ್ ತೆಗೆದು, ಎಲ್ಲವನ್ನೂ ಹಾಗೇ ಮಾಡಿದೆ ಅನ್ನಿಸುವ ಹಾಗೆ ಜೋಡಿಸುವುದು ಸುಲಭ. ಅದು ಸುಳ್ಳು ಅಲ್ವಾ? ಡ್ರಿಲ್ ಇರುವ ಶಾಟ್ ಹಾಗೇ ಉಳಿಯಿತು. ಅದರ ಸದ್ದನ್ನೂ ತೆಗೆಯಲಿಲ್ಲ.

ಮೇಪಲ್ ಗಟ್ಟಿ ಮರ. ಎಳೆ ಎಲ್ಲಿ ತಿರುಗುತ್ತದೋ ಅಲ್ಲಿ ಉಳಿ ಕಚ್ಚಿ ಚೂರು ಎಬ್ಬಿಸುತ್ತದೆ. ಕುತ್ತಿಗೆಯ ಹತ್ತಿರ, ಅಂದರೆ ತೋಳು ಶುರುವಾಗುವಲ್ಲಿ, ಎರಡೂ ಕಡೆಯಿಂದ ಒಳಮುಖವಾಗಿ ಕೆತ್ತಬೇಕು. ದಿನಕ್ಕೆ ಒಂದು ಗಂಟೆಯಂತೆ ಮೂರು ವಾರ ಹಿಡಿಯಿತು. ಒಳಗೆ ಬಲ್ಬ್ ಇಟ್ಟು ಹಿಂದಿನಿಂದ ನೋಡುತ್ತಿದ್ದೆ. ಮರ ತೆಳ್ಳಗಾದ ಕಡೆ ಜೇನುಬಣ್ಣದ ಬೆಳಕು ಮಸುಕಾಗಿ ಕಾಣುತ್ತದೆ. ಎಲ್ಲೆಲ್ಲೂ ಒಂದೇ ಬಣ್ಣ ಬಂದರೆ ದಪ್ಪ ಸಮವಾಗಿದೆ ಅಂತ. ಚಿತ್ರದ ಪೋಸ್ಟರ್‌ಗೆ ಆಮೇಲೆ ಅದೇ ಫೋಟೋ ಬಂತು.

ಯೋಧರ ಚಿತ್ರಗಳನ್ನು ನಾನು ಕೊರೆಯಲಿಲ್ಲ. ಅಷ್ಟು ಸೂಕ್ಷ್ಮದ ಗೆರೆ ನನ್ನ ಕೈಗೆ ಬರುವುದಿಲ್ಲ, ಕೆಟ್ಟದಾಗಿ ಕೊರೆದು ಚಿತ್ರದಲ್ಲಿ ತೋರಿಸಿದರೆ ಮೂಲಕ್ಕೆ ಅವಮಾನ. ನನ್ನದು ಬೋಳು ಲೈರ್. ಕೊರೆತ ನೋಡಬೇಕಾದಾಗಲೆಲ್ಲ ಚಿತ್ರ ಮೂಲಕ್ಕೇ ಹೋಗುತ್ತದೆ.

ಬಿರಡೆಗಳಿಗೆ ಆಶ್ ನಾಲ್ಕು, ಹೇಝಲ್ ಎರಡು, ಮೂಲದ ಹಾಗೆಯೇ. ಈ ನಾಲ್ಕು-ಎರಡರ ಲೆಕ್ಕ ನನಗೆ ಬಹಳ ಇಷ್ಟ. ಮೊದಲು ಆರೂ ಆಶ್ ಇದ್ದು, ಎರಡು ಮುರಿದೋ ಕಳೆದೋ ಹೋಗಿ, ಬೇಲಿಯ ಹೇಝಲ್ ಕಡ್ಡಿ ತಂದು ಕೆತ್ತಿದರಾ? ಹಾಗಾದರೆ ಇದು ರಿಪೇರಿ ಕಂಡ ವಾದ್ಯ. ಚಿತ್ರದಲ್ಲಿ ಈ ಮಾತು ಇದೆ, ಮೂಲೆಯಲ್ಲಿ ‘ಊಹೆ’ ಅಂತಲೂ ಇದೆ.

ಜನವರಿ: ಬಿರುಕು

ಮೇಲ್ಹಲಗೆಯನ್ನು ಸರೇಸಿನಿಂದ ಅಂಟಿಸಿದ್ದು ಡಿಸೆಂಬರ್ ಕೊನೆಗೆ. ಸರೇಸು ಅಂದರೆ ಪ್ರಾಣಿಯ ಚರ್ಮ ಬೇಯಿಸಿ ಮಾಡಿದ ಅಂಟು. ಜನವರಿ ಎರಡನೇ ವಾರ ಹೊರಗೆ ಸೊನ್ನೆಗಿಂತ ಕೆಳಗೆ 9 ಡಿಗ್ರಿ. ಮನೆಯಲ್ಲಿ ಹೀಟರ್ ಉರಿಯುತ್ತಲೇ ಇತ್ತು. ರಾತ್ರಿ ಊಟಕ್ಕೆ ಕೂತಿದ್ದಾಗ ಒಳಕೋಣೆಯಿಂದ ‘ಟಪ್’ ಅಂತ ಒಂದು ಸದ್ದು. ಹೋಗಿ ನೋಡಿದರೆ ಬುಡದಿಂದ ಮೇಲಕ್ಕೆ 9 ಸೆಂಟಿಮೀಟರ್ ಬಿರುಕು. ಗೋಡೆಯ ಮೀಟರ್‌ನಲ್ಲಿ ಗಾಳಿಯ ತೇವ ಶೇಕಡ 28.

ಕಾರಣ ಸ್ಪಷ್ಟ. ಮೇಲ್ಹಲಗೆ ಮೊದಲ ಹಲಗೆಯ ಹಸಿಮರದ್ದು. ಸೀಳಿಸಿದ ಮೇಲೆ ಎರಡು ತಿಂಗಳು ಬಿಟ್ಟಿದ್ದೆ, ಅಂಟಿಸುವ ದಿನ ಮೀಟರ್ ಹಚ್ಚಿ ನೋಡಲಿಲ್ಲ. ಅಂಟಿಸಿದ ಮೇಲೆ ಅದು ಒಣಗಿ ಅಡ್ಡಕ್ಕೆ ಕುಗ್ಗಿತು. ಸುತ್ತ ಅಂಟು ಹಿಡಿದು ಕೂತಿತ್ತು, ಎಳೆತ ತಡೆಯದೆ ಎಳೆಯ ಉದ್ದಕ್ಕೆ ಸೀಳಿತು.

ಸರೇಸಿನ ದೊಡ್ಡ ಗುಣ ಅಂದರೆ ಬಿಸಿ ಮತ್ತು ತೇವ ಕೊಟ್ಟರೆ ಬಿಡುತ್ತದೆ. ಈಗಿನ ಬಿಳಿ ಫೆವಿಕಾಲ್ ಥರದ್ದು ಹಾಕಿದ್ದರೆ ಇಡೀ ಹಲಗೆ ಒಡೆಯಬೇಕಾಗಿತ್ತು. ತೆಳ್ಳನೆಯ ಬೆಣ್ಣೆ ಸವರುವ ಚಾಕುವನ್ನು ಬಿಸಿನೀರಿನಲ್ಲಿ ಅದ್ದಿ, ಒರೆಸಿ, ಅಂಚಿನಲ್ಲಿ ತೂರಿಸಿ, ಒಂದು ಬೆರಳಗಲ ಮುಂದೆ ಹೋಗುವುದು. ಮತ್ತೆ ಅದ್ದುವುದು. ಎರಡು ಗಂಟೆಯಲ್ಲಿ ಮೇಲ್ಹಲಗೆ ಪೂರ್ತಿಯಾಗಿ ಎದ್ದು ಬಂತು. ಅಂಚು ಎಲ್ಲೂ ಚಕ್ಕೆ ಏಳಲಿಲ್ಲ. ಪಕ್ಕದ ಮನೆಯ ಅಜ್ಜ ಬಾಗಿಲಲ್ಲಿ ನಿಂತು ಎರಡು ಗಂಟೆಯೂ ನೋಡಿದರು, ಒಂದು ಮಾತೂ ಆಡಲಿಲ್ಲ. ಕೊನೆಗೆ ತಲೆಯಾಡಿಸಿದರು. ಆ ತಲೆಯಾಡಿಸಿದ್ದು ಕ್ಯಾಮೆರಾದಲ್ಲಿ ಬಂದಿದೆ.

ಹಲಗೆಯನ್ನು ಮೂರು ವಾರ ಬೀರುವಿನ ಮೇಲೆ ಒಣಗಲು ಬಿಟ್ಟೆ. ವಾರಕ್ಕೆರಡು ಸಲ ತೂಕ ನೋಡುತ್ತಿದ್ದೆ. ತೂಕ ಇಳಿಯುವುದು ನಿಂತ ಮೇಲೆ ಬಿರುಕಿಗೆ ಬೆಚ್ಚಗಿನ ಸರೇಸನ್ನು ಬೆರಳಿನಿಂದ ಒತ್ತಿ ತುಂಬಿದೆ. ಸರೇಸು ಸುಮಾರು 60 ಡಿಗ್ರಿ ಬಿಸಿಯಿದ್ದರೆ ಸಾಕು, ಕುದಿಸಿದರೆ ಶಕ್ತಿ ಹೋಗುತ್ತದೆ. ಬಿರುಕಿನ ಕೆಳಗೆ ಒಳಮೈಯಲ್ಲಿ 15 ಮಿಲಿಮೀಟರ್ ಉದ್ದದ ಮೂರು ಚಿಕ್ಕ ಮೇಪಲ್ ತುಂಡುಗಳನ್ನು ಎಳೆಗೆ ಅಡ್ಡವಾಗಿ ಅಂಟಿಸಿದೆ. ಮತ್ತೆ ಮುಚ್ಚಿದೆ. ಈ ಸಲ ಕೋಣೆಯಲ್ಲಿ ಅಗಲ ಪಾತ್ರೆಯಲ್ಲಿ ನೀರಿಟ್ಟು ತೇವವನ್ನು 45ಕ್ಕೆ ತಂದುಕೊಂಡೇ ಕೆಲಸ ಮಾಡಿದೆ. ಬಿರುಕಿನ ಗೆರೆ ಈಗಲೂ ಕಾಣುತ್ತದೆ. ಉಪ್ಪುಕಾಗದ ಹಾಕಿ ಮರೆಸಲು ಹೋಗಲಿಲ್ಲ.

ಇಂಥ ವಾದ್ಯಗಳಲ್ಲಿ ಉಳಿದವು ಎಷ್ಟು ಕಡಿಮೆ ಅನ್ನುವುದು ಆ ಮೂರು ವಾರ ಮತ್ತೆ ಮತ್ತೆ ನೆನಪಾಯಿತು. ಅದೇ ಸೀಮೆಯ ಓಬರ್‌ಫ್ಲಾಖ್ಟ್‌ನಲ್ಲಿ 19ನೇ ಶತಮಾನದಲ್ಲಿ ಎರಡು ಲೈರ್ ಸಿಕ್ಕಿದ್ದವು. ಅದರಲ್ಲಿ ಬರ್ಲಿನ್‌ಗೆ ಹೋದದ್ದು ಎರಡನೇ ಮಹಾಯುದ್ಧದಲ್ಲಿ ಇಲ್ಲವಾಯಿತು. ಕಲೋನ್‌ನಲ್ಲಿ ಸಿಕ್ಕಿದ ಒಂದೂ ಅದೇ ಯುದ್ಧಕ್ಕೆ ಹೋಯಿತು. ಇಂಗ್ಲೆಂಡಿನ ಸಟನ್ ಹೂನಲ್ಲಿ 1939ರಲ್ಲಿ ಸಿಕ್ಕಿದ್ದು ಬರೀ ಚೂರು. ಅದನ್ನು ಮೊದಲು ಹಾರ್ಪ್ ಅಂದುಕೊಂಡು ಜೋಡಿಸಿದ್ದರು, 1970ರ ಹೊತ್ತಿಗೆ ಅದು ಲೈರ್ ಅಂತ ತಿದ್ದಿ ಮತ್ತೆ ಜೋಡಿಸಿದರು. ಮಣ್ಣಿನಲ್ಲಿ ಸಾವಿರಕ್ಕೂ ಹೆಚ್ಚು ವರ್ಷ ಉಳಿದದ್ದು ಯುದ್ಧಕ್ಕೆ ಉಳಿಯಲಿಲ್ಲ.

ಫೆಬ್ರವರಿ: ತಂತಿ, ಶ್ರುತಿ

ಮೂಲದ ತಂತಿಗಳು ಉಳಿದಿಲ್ಲ. ನಾನು ಕುರಿಯ ಕರುಳಿನ ತಂತಿ ಹಾಕಿದೆ, ಇದೂ ಊಹೆಯ ಲೆಕ್ಕಕ್ಕೆ. ಬಿರಡೆಯಿಂದ ಕುದುರೆಗೆ 56 ಸೆಂಟಿಮೀಟರ್.

ಮೊದಲ ದಿನ ಮೇಲಿನ ತಂತಿಯನ್ನು 440 ಹರ್ಟ್ಸ್‌ಗೆ ಏರಿಸಲು ಹೋದೆ. ಮುಟ್ಟುವ ಮುಂಚೆಯೇ ಕಿತ್ತು ಕೈಗೆ ಹೊಡೆಯಿತು. ದಪ್ಪನೆಯದು ಹಾಕಿದೆ, ಅದೂ ಕಿತ್ತಿತು. ಆಮೇಲೆ ಲೆಕ್ಕ ಹಾಕಿದೆ. ಕರುಳಿನ ತಂತಿ ಕೀಳುವ ಶ್ರುತಿ ಅದರ ದಪ್ಪದ ಮೇಲೆ ನಿಂತಿಲ್ಲ, ಉದ್ದದ ಮೇಲೆ ನಿಂತಿದೆ. ದಪ್ಪ ಮಾಡಿದರೆ ಶಕ್ತಿ ಎಷ್ಟು ಹೆಚ್ಚುತ್ತದೋ ಎಳೆಯಬೇಕಾದ ಭಾರವೂ ಅಷ್ಟೇ ಹೆಚ್ಚುತ್ತದೆ. ಮೀಟರಿನಲ್ಲಿ ಉದ್ದವನ್ನು ಹರ್ಟ್ಸ್‌ನಿಂದ ಗುಣಿಸಿ 250ರ ಆಸುಪಾಸು ಬಂದರೆ ಕರುಳು ತಡೆಯುವುದಿಲ್ಲ. ನನ್ನದು 246. ಮೇಲಿನ ತಂತಿಯನ್ನು 330ಕ್ಕೆ ಇಳಿಸಿದೆ, ಗುಣಲಬ್ಧ 185. ಆರಾಮವಾಗಿ ಕೂತಿತು. ಕೆಳಗಿನ ತಂತಿ 196 ಹರ್ಟ್ಸ್. ದಪ್ಪ 0.9 ಮಿಲಿಮೀಟರ್‌ನಿಂದ ಶುರುವಾಗಿ 0.55ಕ್ಕೆ ಇಳಿಯುತ್ತದೆ. ಒಂದೊಂದು ತಂತಿ ಸುಮಾರು 4 ಕಿಲೋ ಭಾರದಷ್ಟು ಎಳೆಯುತ್ತದೆ, ಆರು ಸೇರಿ 25 ಕಿಲೋದ ಹತ್ತಿರ. ಅಷ್ಟು ತೆಳ್ಳನೆಯ ಒಡಲ ಮೇಲೆ ಒಂದು ಅಕ್ಕಿ ಮೂಟೆಯ ಭಾರ.

ಆರು ತಂತಿಯನ್ನು ಯಾವ ಸ್ವರಗಳಿಗೆ ಕೂಡಿಸುವುದು? ಇಲ್ಲಿಗೆ ಬಂದಾಗ ನನಗೆ ಚಿತ್ರದ ನಡುಭಾಗವೇ ಸಿಕ್ಕಿತು.

ಕ್ಲೋವಿಸ್ ಅಲಮಾನಿಗಳನ್ನು ಸೋಲಿಸಿದ ಮೇಲೆ, ಸುಮಾರು 506ರಲ್ಲಿ, ಇಟಲಿಯ ಆಸ್ಟ್ರೋಗಾತ್ ರಾಜ ಥಿಯೋಡರಿಕ್ ಅವನಿಗೆ ಒಂದು ಪತ್ರ ಕಳಿಸಿದ. ಬರೆದುಕೊಟ್ಟವನು ಅವನ ಆಸ್ಥಾನದ ಕ್ಯಾಸಿಯೊಡೋರಸ್. ಪತ್ರ ಇವತ್ತಿಗೂ ಉಳಿದಿದೆ. ಗೆಲುವಿಗೆ ಅಭಿನಂದನೆ, ಆದರೆ ಉಳಿದ ಅಲಮಾನಿಗಳನ್ನು ಬಿಟ್ಟುಬಿಡು, ಅವರು ನನ್ನ ಆಸರೆಗೆ ಬಂದಿದ್ದಾರೆ ಅನ್ನುವುದು ಅದರ ಸಾರ. ಕೊನೆಯಲ್ಲಿ ಒಂದು ಮಾತು: ನೀನು ಕೇಳಿದ್ದ ತಂತಿವಾದ್ಯದ ಗಾಯಕನನ್ನೂ ಕಳಿಸುತ್ತಿದ್ದೇನೆ. ಆ ಗಾಯಕನನ್ನು ಆರಿಸಿಕೊಡು ಅಂತ ಥಿಯೋಡರಿಕ್ ಬೇರೊಂದು ಪತ್ರದಲ್ಲಿ ಕೇಳಿಕೊಂಡದ್ದು ರೋಮಿನ ವಿದ್ವಾಂಸ ಬೊಯೆಥಿಯಸ್‌ನನ್ನು. ಸಂಗೀತಶಾಸ್ತ್ರ ಬರೆದ ಅದೇ ಬೊಯೆಥಿಯಸ್.

ಒಂದು ಜನ ಸೋತು ಚದುರಿದ ಸುದ್ದಿಯೂ ಒಬ್ಬ ಹಾಡುಗಾರನ ಸುದ್ದಿಯೂ ಒಂದೇ ಓಲೆಯಲ್ಲಿ. ಇದನ್ನು ಓದಿದ ರಾತ್ರಿ ನಿದ್ದೆ ಬರಲಿಲ್ಲ.

ಸರಿಸುಮಾರು 400 ವರ್ಷ ಆದಮೇಲೆ ಹುಕ್‌ಬಾಲ್ಡ್ ಅನ್ನುವ ಸನ್ಯಾಸಿ ಬೊಯೆಥಿಯಸ್‌ನ ಸಂಗೀತಶಾಸ್ತ್ರವನ್ನು ವಿವರಿಸುತ್ತಾ, ಆರು ತಂತಿಯ ವಾದ್ಯದ ಸ್ವರಗಳ ಅಂತರ ಹೇಳುತ್ತಾನೆ: ಎರಡು ಪೂರ್ಣ, ಒಂದು ಅರ್ಧ, ಮತ್ತೆ ಎರಡು ಪೂರ್ಣ. ಇವತ್ತು ಈ ಲೈರ್‌ಗಳನ್ನು ನುಡಿಸುವವರಲ್ಲಿ ಬಹಳ ಜನ ಅನುಸರಿಸುವುದು ಇದನ್ನೇ. ನಾನೂ ಅದನ್ನೇ ಹಿಡಿದೆ. ಪರದೆಯ ಮೇಲೆ ‘ಬರೆದದ್ದು, ಸುಮಾರು 300 ವರ್ಷ ಆಮೇಲೆ’ ಅಂತ ಹಾಕಿದೆ. 580ರಿಂದ ಎಣಿಸಿದರೆ ಅಷ್ಟಾಗುತ್ತದೆ.

ಶ್ರುತಿ ಕೂಡಿಸಿ ಮೊದಲ ಸಲ ಆರನ್ನೂ ಒಂದರ ಹಿಂದೆ ಒಂದು ಮೀಟಿದೆ. ಮಗಳು ಪಕ್ಕದಲ್ಲಿ ಹೋಂವರ್ಕ್ ಮಾಡುತ್ತಾ ಕೂತಿದ್ದವಳು ತಲೆಯೆತ್ತದೆ ‘ಸ ರಿ ಗ ಮ ಪ ಧ’ ಅಂತ ಜೊತೆಗೆ ಹಾಡಿದಳು. ಆಮೇಲೆ ತಲೆಯೆತ್ತಿ ಕೇಳಿದಳು: “ನಿ ಎಲ್ಲಿ ಅಪ್ಪಾ?”

ನಿಜ, ಆ ಅಂತರಗಳು ನಮ್ಮ ಕಿವಿಗೆ ಶಂಕರಾಭರಣದ ಸ ರಿ ಗ ಮ ಪ ಧ. ಬೆರಳಿಟ್ಟ ತಕ್ಷಣ ನಮ್ಮ ಗೀತೆಗಳು ಬರುತ್ತವೆ. ಒಂದು ವಾರ ನುಡಿಸಿ ಸುಖಪಟ್ಟೆ. ಚಿತ್ರಕ್ಕೆ ಮಾತ್ರ ಒಂದನ್ನೂ ತೆಗೆದುಕೊಳ್ಳಲಿಲ್ಲ. ಗಮಕ ಬಂದ ಕ್ಷಣವೇ ಕೇಳುವವರು ಬೇರೆ ಊರಿಗೆ ಹೋಗಿಬಿಡುತ್ತಾರೆ. ಚಿತ್ರದಲ್ಲಿ ಇರುವುದು ಬರೀ ತಂತಿಗಳ ಸದ್ದು: ಒಂದೊಂದಾಗಿ, ಎರಡೆರಡಾಗಿ, ಎಡಗೈಯಿಂದ ಕೆಲವನ್ನು ಮುಚ್ಚಿ ಉಳಿದವನ್ನು ಒಟ್ಟಿಗೆ ಬಾರಿಸಿದ್ದು. ಅವರ ರಾಗ ಯಾವುದು ಅಂತ ಯಾರೂ ಬರೆದಿಟ್ಟಿಲ್ಲ, ನಾನು ಕಟ್ಟಿಕೊಡುವುದು ಬೇಡ ಅನ್ನಿಸಿತು.

ಸದ್ದು ಹಿಡಿದದ್ದು ಅಡುಗೆಮನೆಯಲ್ಲಿ, ರಾತ್ರಿ 11ರ ಮೇಲೆ. ಫ್ರಿಜ್ ಆಫ್ ಮಾಡಿ ಮನೆಯ ಕೀಲಿಕೈಯನ್ನು ಅದರೊಳಗೇ ಇಟ್ಟೆ. ಬೆಳಗ್ಗೆ ಹೊರಡುವಾಗ ಕೀಲಿಕೈ ಹುಡುಕಿದರೆ ಫ್ರಿಜ್ ಆನ್ ಮಾಡುವುದು ನೆನಪಾಗುತ್ತದೆ. ಮೈಕನ್ನು ಕುದುರೆಯಿಂದ 30 ಸೆಂಟಿಮೀಟರ್ ದೂರ, ಸ್ವಲ್ಪ ಓರೆಯಾಗಿ ಇಟ್ಟೆ. ನೇರ ಇಟ್ಟರೆ ಉಗುರಿನ ಸದ್ದೇ ಜಾಸ್ತಿ.

ಮಾರ್ಚ್: ಗಾಜಿನ ಮುಂದೆ

ಮೂಲ ಲೈರ್ ಕೊನ್‌ಸ್ಟಾಂಟ್ಸ್‌ನ ರಾಜ್ಯ ಪುರಾತತ್ವ ಸಂಗ್ರಹಾಲಯದ್ದು. ಮೊದಲೇ ಬರೆದು ಅನುಮತಿ ತೆಗೆದುಕೊಂಡು ಬೆಳಗ್ಗೆ ಹೋದೆ. ಹಳೆಯ ಮರ, ಹಾಗಾಗಿ ಬೆಳಕು ಕಡಿಮೆ. ಫ್ಲಾಶ್, ಲೈಟ್ ಯಾವುದನ್ನೂ ಒಯ್ಯಲಿಲ್ಲ.

ಗಾಜಿನ ಪ್ರತಿಬಿಂಬಕ್ಕೆ ಒಂದೂವರೆ ಮೀಟರ್ ಕಪ್ಪು ವೆಲ್ವೆಟ್ ಬಟ್ಟೆ ಒಯ್ದಿದ್ದೆ. ನಡುವೆ ಲೆನ್ಸ್ ತೂರುವಷ್ಟು ತೂತು. ಪೋಲರೈಸರ್ ಹಾಕಿದರೆ ಪ್ರತಿಬಿಂಬ ಕಡಿಮೆಯಾಗುತ್ತದೆ, ಆದರೆ ಮೊದಲೇ ಕಡಿಮೆ ಇರುವ ಬೆಳಕನ್ನೂ ತಿನ್ನುತ್ತದೆ. ಅದನ್ನು ತೆಗೆದಿಟ್ಟು ಬಟ್ಟೆಯನ್ನೇ ನಂಬಿದೆ. ಸೆಕೆಂಡಿಗೆ 25 ಫ್ರೇಮ್, ಶಟರ್ 1/50. ಇಲ್ಲಿಯ ಕರೆಂಟ್ 50 ಹರ್ಟ್ಸ್, ಶಟರ್ ಅದಕ್ಕೆ ಹೊಂದದಿದ್ದರೆ ಚಿತ್ರದಲ್ಲಿ ಪಟ್ಟಿ ಓಡುತ್ತದೆ.

ಮೊದಲ ಒಂದು ಗಂಟೆ ಏನೂ ಕಾಣಲಿಲ್ಲ. ಕಂದು ಮರ, ಅಷ್ಟೇ. ಕೊರೆದ ಗೆರೆಗಳು ಕೂದಲಿನಷ್ಟು ತೆಳ್ಳಗೆ, ಆಳ ಇಲ್ಲ. ಎದುರಿನಿಂದ ಬೆಳಕು ಬಿದ್ದರೆ ಗೆರೆಗೆ ನೆರಳೇ ಇಲ್ಲ. ಬೆಳಕನ್ನು ಸರಿಸುವ ಹಾಗಿಲ್ಲ, ಹಾಗಾಗಿ ನಾನೇ ಸರಿಯುತ್ತಾ ಹೋದೆ. ಒಂದು ಗೇಣು, ಮತ್ತೊಂದು ಗೇಣು. ಎಡಕ್ಕೆ 40 ಸೆಂಟಿಮೀಟರ್ ಸರಿದು ಕೂತು ಕೆಳಗಿನಿಂದ ನೋಡಿದೆ. ಗೆರೆಯ ಒಂದೊಂದು ಅಂಚೂ ನೆರಳು ಹಿಡಿಯಿತು. ಮೊದಲು ಈಟಿ, ಆಮೇಲೆ ಅದನ್ನು ಹಿಡಿದ ಎರಡು ಕೈ, ಆಮೇಲೆ ಸಾಲಾಗಿ ಗುರಾಣಿಗಳು. ಹನ್ನೆರಡೂ ಜನ ಎದ್ದು ನಿಂತರು. ಉಸಿರು ಬಿಡಲು ಭಯವಾಗಿ ಬಟ್ಟೆಯೊಳಗೆ ಹಾಗೇ ಕೂತೆ. ಕ್ಯಾಮೆರಾ 4 ನಿಮಿಷ ಓಡಿತು. ಅದರಲ್ಲಿ 50 ಸೆಕೆಂಡ್ ಚಿತ್ರದಲ್ಲಿದೆ, ಕತ್ತರಿಸದೆ.

ಟ್ರೊಸಿಂಗೆನ್ ಊರಿನ ಶಾಟ್‌ಗಳು ಬೇಗ ಆದವು. ಬೆಳಗಿನ ಮಂಜು, ಹೊಲ, ದೂರದಲ್ಲಿ ವಿದ್ಯುತ್ ತಂತಿ. ತಂತಿ ಕಾಣದ ಹಾಗೆ ಫ್ರೇಮ್ ಕಟ್ಟಿ ‘ಆರನೇ ಶತಮಾನ’ ಅನ್ನಿಸಬಹುದಿತ್ತು. ಕಂಬಗಳು ಇರಲಿ ಅಂತ ಬಿಟ್ಟೆ. ಇದು ಇವತ್ತಿನ ಊರು.

ಏಪ್ರಿಲ್: ‘ಬರ್ಬರ’ ಅನ್ನುವ ಪದ

ಕನ್ನಡದಲ್ಲಿ ನಿರೂಪಣೆ ಬರೆಯಲು ಕೂತಾಗ ಸಿಕ್ಕಿಹಾಕಿಕೊಂಡದ್ದು ಒಂದೇ ಪದಕ್ಕೆ. 6ನೇ ಶತಮಾನದ ಕವಿ ವೆನಾಂಟಿಯಸ್ ಫಾರ್ಚುನಾಟಸ್ ಇಟಲಿಯವನು, ಫ್ರಾಂಕರ ಆಸ್ಥಾನಗಳಲ್ಲಿ ಹಾಡು ಕಟ್ಟಿದವನು, ಗ್ರೆಗರಿಯ ಗೆಳೆಯ. 580ರಲ್ಲಿ ಇಬ್ಬರೂ ಬದುಕಿದ್ದರು. ಅವನ ಒಂದು ಸಾಲಿನ ಅರ್ಥ ಹೀಗೆ: ರೋಮನ್ನನು ಲೈರ್‌ನಿಂದ ನಿನ್ನನ್ನು ಹೊಗಳಲಿ, ‘ಬಾರ್ಬರಸ್’ ಹಾರ್ಪಿನಿಂದ. ನಮ್ಮ ಲೈರ್‌ನ ಕಾಲಕ್ಕೆ ಇದಕ್ಕಿಂತ ಹತ್ತಿರದ ಸಾಕ್ಷಿ ನನ್ನ ಕೈಯಲ್ಲಿ ಬೇರೆ ಇರಲಿಲ್ಲ. ನಾವು ಇವತ್ತು ಲೈರ್ ಅನ್ನುವುದನ್ನೇ ಅವನು ಹಾರ್ಪ್ ಅಂದಿರಬಹುದು.

ಆ ‘ಬಾರ್ಬರಸ್’ಗೆ ಏನು ಹೇಳುವುದು? ‘ಬರ್ಬರ’ ಅಂದರೆ ಮುಗಿಯಿತು. ಕನ್ನಡದಲ್ಲಿ ಬರ್ಬರ ಕೊಲೆ, ಬರ್ಬರ ಕೃತ್ಯ ಅಂತ ದಿನಾ ಪೇಪರಿನಲ್ಲಿ ಓದುತ್ತೇವೆ. ನಾನು ಶಾಲೆಯಲ್ಲಿ ‘ಬರ್ಬರರ ದಾಳಿ’ ಅಂತ ಓದಿದಾಗಲೂ ಕಣ್ಣ ಮುಂದೆ ಬಂದದ್ದು ರಕ್ತವೇ. ಫಾರ್ಚುನಾಟಸ್ ಬೈಯುತ್ತಿಲ್ಲ. ಒಬ್ಬ ದೊಡ್ಡ ಮನುಷ್ಯನನ್ನು ಹೊಗಳಲು ಎಲ್ಲ ಜನರನ್ನೂ ಅವರವರ ವಾದ್ಯದ ಜೊತೆ ಕರೆಯುತ್ತಿದ್ದಾನೆ. ಎಂಟು ಸಲ ಬರೆದು ಹೊಡೆದುಹಾಕಿದೆ. ಕೊನೆಗೆ ‘ರೋಮನ್ ಅಲ್ಲದವನು’ ಅಂತ ಇಟ್ಟೆ. ಉದ್ದವಾಯಿತು, ಲಯ ಹೋಯಿತು. ಆದರೆ ಸುಳ್ಳಾಗಲಿಲ್ಲ.

ಇದೇ ಥರ ‘ಜರ್ಮನ್ನರು’ ಅನ್ನುವ ಪದವನ್ನೂ ಪೂರ್ತಿ ತೆಗೆದೆ. 580ರಲ್ಲಿ ಜರ್ಮನಿ ಅನ್ನುವ ದೇಶವಿರಲಿಲ್ಲ. ಅಲಮಾನಿ, ಫ್ರಾಂಕ್, ಆಸ್ಟ್ರೋಗಾತ್ ಅಂತ ಅವರವರ ಹೆಸರೇ ಹೇಳಿದೆ. ಭಾಷೆಗಳ ನಂಟು ಹೇಳಬೇಕಾದ ಒಂದು ಕಡೆ ಮಾತ್ರ ‘ಜರ್ಮನಿಕ್’.

ಏಪ್ರಿಲ್ ಕೊನೆ, ಮೇ: ಜೋಡಿಸುವುದು

ಒಟ್ಟು 11 ಗಂಟೆ ಚಿತ್ರೀಕರಣ. ಮೊದಲ ಜೋಡಣೆ 22 ನಿಮಿಷ ಬಂತು. ಎಡಿಟಿಂಗ್ ಸಾಫ್ಟ್‌ವೇರ್‌ನಲ್ಲಿ ತುಣುಕುಗಳಿಗೆ ಬಣ್ಣ ಕೊಡಬಹುದು. ಸಿಕ್ಕಿದ್ದಕ್ಕೆ ಹಸಿರು, ಬರೆದದ್ದಕ್ಕೆ ನೀಲಿ, ಊಹೆಗೆ ಕೆಂಪು. ದೂರ ನಿಂತು ನೋಡಿದರೆ ಸಾಲು ಕೆಂಪಗಿತ್ತು. 22ರಲ್ಲಿ 9 ನಿಮಿಷ ಊಹೆ. ಅದರಲ್ಲಿ ಗೆಳೆಯರೊಬ್ಬರು ಉಣ್ಣೆ ಅಂಗಿ ತೊಟ್ಟು ಬೆಂಕಿಯ ಮುಂದೆ ನನ್ನ ಲೈರ್ ನುಡಿಸುವ ದೃಶ್ಯ ಒಂದು. ಬಹಳ ಚೆಂದ ಬಂದಿತ್ತು, ನೋಡಿದವರೆಲ್ಲ ಅದನ್ನೇ ಮೆಚ್ಚಿದರು. ಮೆಚ್ಚಿದ ಕಾರಣಕ್ಕೇ ಭಯವಾಯಿತು. ಚಿತ್ರ ಮುಗಿದ ಮೇಲೆ ಅವರ ನೆನಪಿನಲ್ಲಿ ಉಳಿಯುವುದು ಆ ಅಂಗಿ, ಆ ಬೆಂಕಿ. ಎರಡಕ್ಕೂ ನನ್ನ ಹತ್ತಿರ ಆಧಾರ ಇರಲಿಲ್ಲ. ಗೆಳೆಯರಿಗೆ ಫೋನ್ ಮಾಡಿ ಹೇಳಿ, ತೆಗೆದೆ. ಕೊನೆಗೆ 14 ನಿಮಿಷ, ಅದರಲ್ಲಿ ಕೆಂಪು 3.

ಮೇ ತಿಂಗಳಲ್ಲಿ ಗಾಳಿಯ ತೇವ ಏರಿ ಮರ ಉಬ್ಬಿತು. ಬಿರಡೆಗಳು ತಿರುಗಲಾರದಷ್ಟು ಬಿಗಿಯಾದವು. ಒಣ ಸೋಪನ್ನೂ ಸೀಮೆಸುಣ್ಣದ ಪುಡಿಯನ್ನೂ ಸವರಿದ ಮೇಲೆ ಸರಿಹೋಯಿತು. ಜನವರಿಯ ಬಿರುಕು ತೆರೆದುಕೊಂಡಿಲ್ಲ, ವಾರಕ್ಕೊಮ್ಮೆ ಉಗುರು ಎಳೆದು ನೋಡುತ್ತೇನೆ.

ಕೊನೆಯ ಶಾಟ್ ಬೇರೆ ಏನೋ ಇತ್ತು. ಅದನ್ನು ಬದಲಿಸಿದ್ದು ಮೇ 20ರ ಸುಮಾರಿಗೆ. ಲೈರ್ ಒರೆಸುವಾಗ ನೋಡಿದೆ, ಎಡತೋಳಿನ ಒಳ ಅಂಚಿನಲ್ಲಿ ಒಂದು ರೂಪಾಯಿಯಷ್ಟು ಜಾಗ ಕಪ್ಪಾಗಿದೆ. ಮೂರು ತಿಂಗಳು ದಿನಾ ನುಡಿಸಿದಾಗ ಹೆಬ್ಬೆರಳು ಒತ್ತುತ್ತಿದ್ದ ಜಾಗ. ಬೆವರು, ಎಣ್ಣೆ. ಒರೆಸಿದರೂ ಹೋಗಲಿಲ್ಲ. ಮ್ಯಾಕ್ರೋ ಲೆನ್ಸ್ ಹಾಕಿ ಕಿಟಕಿಯ ಬೆಳಕಿನಲ್ಲಿ ಅದನ್ನು ಹಿಡಿದೆ. 9 ಸೆಕೆಂಡಿನ ಶಾಟ್. ಮೂಲೆಯಲ್ಲಿ ಯಾವ ಪದ ಹಾಕುವುದು ಅಂತ ಮಗಳನ್ನು ಕೇಳಿದೆ. ಅವಳು ‘ಸಿಕ್ಕಿದ್ದು’ ಅಂದಳು. ಹಾಗೇ ಹಾಕಿದ್ದೇನೆ.